ಕೊಡಗು ಹಾಡಾಯಿತು, ಕೊಡಗಿನ ಹಾಡು ಎಲ್ಲಿ?

ಕನ್ನಡ ಚಲನಚಿತ್ರ ಸಂಗೀತಕ್ಕೂ ಕೊಡಗಿಗೂ ಇರುವ ನಂಟು ಹಳೆಯದು. 1971ರಲ್ಲಿ ತೆರೆ ಕಂಡ ಪುಟ್ಟಣ್ಣ ಕಣಗಾಲರ ‘ಶರಪಂಜರ’ದಲ್ಲಿ ವಿಜಯಭಾಸ್ಕರ್ ಕೊಡಗಿನ ಕಾವೇರಿಯನ್ನು ನಾಡಿನ ಮನೆಮನೆಗೆ ಮುಟ್ಟಿಸಿದರು. 1990ರಲ್ಲಿ ಎಸ್.ವಿ. ರಾಜೇಂದ್ರಸಿಂಗ್ ಬಾಬು ಅವರ ‘ಮುತ್ತಿನಹಾರ’ಕ್ಕೆ ಹಂಸಲೇಖ ಮಡಿಕೇರಿಯ ಸಿಪಾಯಿಯನ್ನು ಹಾಡಾಗಿಸಿದರು. 2006ರಲ್ಲಿ ‘ಮುಂಗಾರು ಮಳೆ’ ಬಂದಾಗ ಅಮೆರಿಕದಲ್ಲಿ ನೆಲೆಸಿದ್ದ ಮನೋಮೂರ್ತಿ ಅವರ ರಾಗಗಳು ಇದೇ ಸೀಮೆಯ ಮಳೆಯನ್ನು ಒಂದು ಇಡೀ ತಲೆಮಾರಿನ ನೆನಪಿನಲ್ಲಿ ನೆಲೆಗೊಳಿಸಿದವು. ನದಿ, ಸಿಪಾಯಿ, ಮಳೆ: ರಾಜ್ಯದ ಉಳಿದ ಭಾಗದ ಕೇಳುಗರಿಗೆ ಕೊಡಗು ಎಂದರೆ ಬಹುಮಟ್ಟಿಗೆ ಈ ಮೂರು ಚಿತ್ರಗಳೇ.

ಆದರೆ ಇವು ಕೊಡಗನ್ನು ಕುರಿತ ಹಾಡುಗಳು. ಕೊಡಗಿನ ಹಾಡು ಬೇರೆ. ದುಡಿ ಹಿಡಿದು ನಾಲ್ವರು ಕೂಡಿ ಹಾಡುವ ಪದ್ಧತಿ, ಕೊಂಬು ಕೊಟ್ಟುಗಳ ಮೇಳ, ಮದುವೆ ಮನೆಯ ವಾಲಗ, ಪುತ್ತರಿಯ ಕೋಲಾಟದ ಲಯ, ಇವುಗಳಿಗೆ ಚಲನಚಿತ್ರದಲ್ಲಿ ಸಿಕ್ಕಿರುವ ಸ್ಥಳ ಅಲ್ಪ. ಮಡಿಕೇರಿ ತಾಲ್ಲೂಕಿನ ನಾಪೋಕ್ಲುವಿನ ಸುತ್ತಲಿನ ಪ್ರದೇಶವನ್ನು ನೋಡಿದರೆ ಈ ಅಂತರ ಇನ್ನಷ್ಟು ಎದ್ದು ಕಾಣುತ್ತದೆ. ಕೊಡವ ಭಾಷೆಯ ಮೊದಲ ನಾಟಕಕಾರನೂ ಕೊಡವ ಹಾಡುಗಳ ಮೊದಲ ದೊಡ್ಡ ಸಂಗ್ರಹಕಾರನೂ ಬಂದದ್ದು ಈ ಭಾಗದಿಂದಲೇ. ನಾಡು ಇಷ್ಟೊಂದು ಹಾಡಿರುವಾಗ ಸಿನಿಮಾ ಅದರಿಂದ ಇಷ್ಟು ಕಡಿಮೆ ಕೇಳಿಸಿಕೊಂಡದ್ದು ಏಕೆ? ಈ ಪ್ರಶ್ನೆಗೆ ಉತ್ತರ ಹುಡುಕಲು ಹಂಸಲೇಖ ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ನಿದರ್ಶನ ಸಿಗಲಾರದು. ಅವರು ಕೊಡಗಿನ ಕಥೆಗೆ ಸಂಗೀತ ನೀಡಿದವರು. ಅದರ ಜೊತೆಗೆ, ಆಯಾ ನೆಲದ ಸಂಗೀತವೇ ಸಂಗೀತಗಾರನ ಮೂಲಧನ ಎಂದು ದಶಕಗಳಿಂದ ವಾದಿಸುತ್ತ ಬಂದವರು.

ಪದವೂ ರಾಗವೂ ಒಂದೇ ಕೈಯಲ್ಲಿ

1951ರ ಜೂನ್ 23ರಂದು ಜನಿಸಿದ ಗಂಗರಾಜು ಅವರು ಹಂಸಲೇಖರಾದದ್ದು ರಂಗಭೂಮಿ ಮತ್ತು ವಾದ್ಯವೃಂದಗಳ ಹಾದಿಯಲ್ಲಿ. 1973ರ ‘ತ್ರಿವೇಣಿ’ ಚಿತ್ರಕ್ಕೆ ಗೀತೆ ಬರೆದು ಅವರು ಚಿತ್ರರಂಗ ಪ್ರವೇಶಿಸಿದರು. ಹೆಸರು ನಿಲ್ಲಲು ಹದಿನಾಲ್ಕು ವರ್ಷಗಳೇ ಬೇಕಾದವು. 1987ರಲ್ಲಿ ವಿ. ರವಿಚಂದ್ರನ್ ಅವರ ‘ಪ್ರೇಮಲೋಕ’ ಬಂದಾಗ ಕನ್ನಡ ಚಿತ್ರಸಂಗೀತದ ದಿಕ್ಕೇ ಬದಲಾಯಿತು. ಮರುವರ್ಷದ ‘ರಣಧೀರ’ ಆ ಬದಲಾವಣೆಯನ್ನು ಗಟ್ಟಿ ಮಾಡಿತು.

ಬದಲಾದದ್ದು ವಾದ್ಯಗಳ ಬಗೆಯಷ್ಟೇ ಅಲ್ಲ, ಕೆಲಸದ ಹಂಚಿಕೆಯೂ ಬದಲಾಯಿತು. ಅದುವರೆಗೆ ಕನ್ನಡದಲ್ಲಿ ಗೀತರಚನೆ ಒಬ್ಬರದು, ಸಂಗೀತ ಇನ್ನೊಬ್ಬರದು ಎಂಬುದು ರೂಢಿ. ಜಿ.ಕೆ. ವೆಂಕಟೇಶ್, ರಾಜನ್-ನಾಗೇಂದ್ರ, ಉಪೇಂದ್ರಕುಮಾರ್ ಅವರಂಥವರು ರಾಗ ಹಾಕುತ್ತಿದ್ದರು, ಚಿ. ಉದಯಶಂಕರ್, ಆರ್.ಎನ್. ಜಯಗೋಪಾಲ್ ಅವರಂಥವರು ಅದಕ್ಕೆ ಪದ ಕೂಡಿಸುತ್ತಿದ್ದರು. ಹಂಸಲೇಖ ಎರಡನ್ನೂ ತಾವೇ ವಹಿಸಿಕೊಂಡರು. ಪದ ಮತ್ತು ರಾಗ ಒಂದೇ ಮನಸ್ಸಿನಿಂದ ಹುಟ್ಟಿದ್ದರ ಫಲವಾಗಿ ಬೀದಿಯ ಮಾತು, ಕಾಲೇಜು ಅಂಗಳದ ತುಂಟತನ, ಜಗಳ, ಸವಾಲು, ಜವಾಬು ಎಲ್ಲವೂ ಹಾಡಿನ ಒಳಗೆ ಬಂದವು. ಮಾತಿನ ಓಟವೇ ಲಯವಾಯಿತು. ‘ರಾಮಾಚಾರಿ’ (1991), ‘ಹಳ್ಳಿ ಮೇಷ್ಟ್ರು’ (1992) ಮೊದಲಾದ ಚಿತ್ರಗಳಲ್ಲಿ ಹಳ್ಳಿಗಾಡಿನ ಸೊಲ್ಲು ಮತ್ತು ತಾಳ ಜನಪ್ರಿಯ ಸಂಗೀತದ ಮುಖ್ಯಧಾರೆಯನ್ನು ಸೇರಿದವು. ಡಾ. ರಾಜ್‌ಕುಮಾರ್ ಅವರ ‘ಆಕಸ್ಮಿಕ’ (1993) ಚಿತ್ರಕ್ಕೆ ಅವರು ರಚಿಸಿದ ನಾಡಗೀತೆಯಂಥ ಹಾಡು ಇಂದಿಗೂ ರಾಜ್ಯೋತ್ಸವದ ವೇದಿಕೆಗಳನ್ನು ಬಿಟ್ಟಿಲ್ಲ.

ಪದ ಮತ್ತು ರಾಗ ಒಂದೇ ಕೈಯಲ್ಲಿರುವುದರ ಲಾಭ ದೊಡ್ಡದು. ಅದಕ್ಕೊಂದು ಮಿತಿಯೂ ಉಂಟು. ತನ್ನ ಭಾಷೆಯಲ್ಲಿ ಹುಟ್ಟುವ ಲಯವನ್ನು ಸಂಯೋಜಕ ಸಹಜವಾಗಿ ಹಿಡಿಯಬಲ್ಲ. ಭಾಷೆ ಬೇರೆಯಾದ ಕಡೆ ಅವನು ಮಧ್ಯವರ್ತಿಗಳನ್ನು ಅವಲಂಬಿಸಬೇಕಾಗುತ್ತದೆ. ಕೊಡಗಿನ ವಿಷಯದಲ್ಲಿ ಈ ಮಾತು ಮುಖ್ಯ.

‘ಮುತ್ತಿನಹಾರ’ದ ಕೊಡಗು

ಎರಡನೆಯ ಮಹಾಯುದ್ಧದ ಕಾಲದಿಂದ ಆರಂಭವಾಗಿ ಒಬ್ಬ ಕೊಡವ ಯೋಧನ ಬದುಕನ್ನು ಹಿಂಬಾಲಿಸುವ ‘ಮುತ್ತಿನಹಾರ’ದಲ್ಲಿ ವಿಷ್ಣುವರ್ಧನ್ ಮತ್ತು ಸುಹಾಸಿನಿ ಮುಖ್ಯ ಪಾತ್ರ ವಹಿಸಿದ್ದರು. 1990ರ ಸಾಲಿನ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಅದಕ್ಕೆ ದೊರೆಯಿತು. ಚಿತ್ರದ ತತ್ವಪದದಂಥ ಗೀತೆಗೆ ಹಂಸಲೇಖ ಆರಿಸಿಕೊಂಡ ಕಂಠ ಎಂ. ಬಾಲಮುರಳಿಕೃಷ್ಣ ಅವರದು. ಕರ್ನಾಟಕ ಸಂಗೀತದ ಮೇರು ಗಾಯಕರೊಬ್ಬರನ್ನು ಯುದ್ಧದ ಕಥೆಗೆ ಕರೆತಂದದ್ದು ಧೈರ್ಯದ ನಿರ್ಧಾರ. ಪ್ರೇಮ ಮತ್ತು ಸಾವು ಎರಡನ್ನೂ ಒಂದೇ ದಾರದಲ್ಲಿ ಪೋಣಿಸಿದ ಆ ಗೀತೆ ಕನ್ನಡ ಚಿತ್ರಸಂಗೀತದ ಉತ್ತಮ ರಚನೆಗಳಲ್ಲಿ ಒಂದಾಗಿ ಉಳಿದಿದೆ.

ಕೊಡವರ ಉಡುಪು, ಶೌರ್ಯ, ಮನೆತನದ ಅಭಿಮಾನ ಇವೆಲ್ಲ ಚಿತ್ರದಲ್ಲಿವೆ. ಆದರೆ ಹಾಡುಗಳ ಭಾಷೆ ಕನ್ನಡ. ಅವುಗಳ ಭಾವವನ್ನು ಹೊತ್ತದ್ದು ಶಾಸ್ತ್ರೀಯ ಛಾಯೆಯ ಗಾಯನ ಮತ್ತು ಚಿತ್ರಸಂಗೀತದ ವಾದ್ಯವೃಂದ. ಇದನ್ನು ಕೊರತೆ ಎಂದು ಜರೆಯುವುದು ಸರಿಯಲ್ಲ. ಇಡೀ ರಾಜ್ಯದ ಪ್ರೇಕ್ಷಕನಿಗಾಗಿ ತಯಾರಾದ ಚಿತ್ರವದು. ಕೊಡಗಿನ ತಾಯಿಯ ದುಃಖ ಬೀದರಿನ ಪ್ರೇಕ್ಷಕನಿಗೂ ತಟ್ಟಬೇಕಿತ್ತು. ಸಂಯೋಜಕ ಆ ಕೆಲಸವನ್ನು ಸಾಧಿಸಿದರು. ಆದರೂ ಒಂದು ಸಂಗತಿ ಉಳಿಯುತ್ತದೆ: ಕೊಡಗಿನ ಮೇಲೆ ಬಂದ ಅತ್ಯಂತ ಪ್ರೀತಿಯ ಕನ್ನಡ ಚಿತ್ರವೊಂದರಿಂದಲೂ ಕೊಡಗಿನ ಸ್ವಂತ ಸಂಗೀತ ರಾಜ್ಯದ ಕಿವಿಗೆ ಪರಿಚಯವಾಗಲಿಲ್ಲ. ಯಕ್ಷಗಾನದ ಚೆಂಡೆ ಕೇಳಿದೊಡನೆ ಕರಾವಳಿಯನ್ನು ನೆನೆಯುವ, ಡೊಳ್ಳಿನ ಸದ್ದಿಗೆ ಬಯಲುಸೀಮೆಯನ್ನು ಗುರುತಿಸುವ ಕನ್ನಡಿಗನಿಗೆ ದುಡಿಯ ದನಿ ಇಂದಿಗೂ ಅಪರಿಚಿತ.

ನಾಪೋಕ್ಲು ಸೀಮೆಯ ಇಬ್ಬರು ಹಿರಿಯರು

ಕಾವೇರಿಯ ದಡದ ನಾಪೋಕ್ಲು, ಕಾಫಿ ತೋಟಗಳ ನಡುವಿನ ವ್ಯಾಪಾರದ ಊರು. ಪಾಡಿ ಇಗ್ಗುತಪ್ಪನ ಸನ್ನಿಧಿ, ಕಕ್ಕಬ್ಬೆ, 1792ರ ನಾಲ್ಕುನಾಡು ಅರಮನೆ ಇವೆಲ್ಲಕ್ಕೂ ಹೋಗುವವರು ಈ ಊರನ್ನು ಹಾಯ್ದು ಹೋಗುತ್ತಾರೆ. ಇದರ ಸಮೀಪದ ಕಿರುಂದಾಡುವಿನಲ್ಲಿ 1868ರಲ್ಲಿ ಜನಿಸಿದ ಅಪ್ಪನೆರವಂಡ ಹರದಾಸ ಅಪ್ಪಚ್ಚಕವಿ, ಕೊಡವ ಭಾಷೆಯಲ್ಲಿ ನಾಟಕ ಬರೆದ ಮೊದಲಿಗರು. ಯಯಾತಿ, ಸಾವಿತ್ರಿ, ಸುಬ್ರಹ್ಮಣ್ಯ, ಕಾವೇರಿ ಎಂಬ ನಾಲ್ಕು ಕಥಾವಸ್ತುಗಳನ್ನು ಅವರು ಇಪ್ಪತ್ತನೆಯ ಶತಮಾನದ ಮೊದಲ ಎರಡು ದಶಕಗಳಲ್ಲಿ ರಂಗಕ್ಕೆ ತಂದರು. ಆ ಕಾಲದ ನಾಟಕವೆಂದರೆ ಹಾಡುಗಳ ಸರಮಾಲೆ. ಕೊಡವ ಮಾತನ್ನು ರಂಗಗೀತೆಯ ಮಟ್ಟುಗಳಿಗೆ ಒಗ್ಗಿಸುವ ಕೆಲಸವನ್ನು ಅವರು ಮಾಡಿದರು. ಪದವೂ ತಮ್ಮದೇ, ಅದು ಹಾಡಾಗುವ ಬಗೆಯೂ ತಮ್ಮದೇ ಎಂಬ ಈ ಮಾದರಿ, ಎಂಟು ದಶಕಗಳ ಅನಂತರ ಹಂಸಲೇಖ ಚಿತ್ರರಂಗದಲ್ಲಿ ಹಿಡಿದ ಹಾದಿಯ ಹತ್ತಿರದ ಬಂಧು.

ಇಲ್ಲಿಂದ ಹೆಚ್ಚು ದೂರವಿಲ್ಲದ ಕರಡ ಗ್ರಾಮದವರು ನಡಿಕೇರಿಯಂಡ ಚಿಣ್ಣಪ್ಪ (1875–1931). ವೃತ್ತಿಯಿಂದ ಪೊಲೀಸ್ ಅಧಿಕಾರಿಯಾಗಿದ್ದ ಅವರು ಊರೂರು ಸುತ್ತಿ ಹಿರಿಯರ ಬಾಯಿಂದ ಹಾಡು, ಗಾದೆ, ಆಚಾರಗಳನ್ನು ಕೇಳಿ ಬರೆದುಕೊಂಡು 1924ರಲ್ಲಿ ‘ಪಟ್ಟೋಲೆ ಪಳಮೆ’ಯನ್ನು ಪ್ರಕಟಿಸಿದರು. ಭಾರತದ ಸಮುದಾಯವೊಂದರ ಜಾನಪದವನ್ನು ಅದೇ ಸಮುದಾಯದವರೊಬ್ಬರು ಅಷ್ಟು ಬೇಗ, ಅಷ್ಟು ವಿಸ್ತಾರವಾಗಿ ದಾಖಲಿಸಿದ ನಿದರ್ಶನಗಳು ವಿರಳ. ಕನ್ನಡ ಲಿಪಿಯಲ್ಲಿರುವ ಆ ಗ್ರಂಥದ ಹೆಚ್ಚಿನ ಭಾಗ ಹಾಡುಗಳೇ. 2003ರಲ್ಲಿ ಅವರ ಮೊಮ್ಮಕ್ಕಳಾದ ಬೊವ್ವೇರಿಯಂಡ ನಂಜಮ್ಮ ಮತ್ತು ಚಿಣ್ಣಪ್ಪ ದಂಪತಿ ಅದನ್ನು ಇಂಗ್ಲಿಷಿಗೆ ಅನುವಾದಿಸಿ ಹೊರತಂದರು.

ಪದಗಳು ಹೀಗೆ ಉಳಿದವು. ಪುಸ್ತಕ ಉಳಿಸಲಾರದ್ದು ದನಿಯನ್ನು. ಇಬ್ಬರು ಹಾಡಿದ ಸಾಲನ್ನು ಇನ್ನಿಬ್ಬರು ಹಿಡಿಯುವ ಕ್ರಮ, ದುಡಿಯ ಪೆಟ್ಟು ಎಲ್ಲಿ ಬಿಗಿಯಾಗುತ್ತದೆ ಎಲ್ಲಿ ಸಡಿಲಾಗುತ್ತದೆ ಎಂಬ ಸೂಕ್ಷ್ಮ, ಮದುವೆಯ ಹಾಡಿಗೂ ಸಾವಿನ ಹಾಡಿಗೂ ಇರುವ ದನಿಯ ವ್ಯತ್ಯಾಸ, ಇವು ಗುರುವಿನಿಂದ ಶಿಷ್ಯನಿಗೆ ಕಿವಿಯ ಮೂಲಕ ಮಾತ್ರ ದಾಟುವಂಥವು.

ಗದಗಿಗೆ ಇದ್ದದ್ದು, ಕೊಡಗಿಗೆ ಇಲ್ಲದ್ದು

ಹಂಸಲೇಖ ಅವರಿಗೆ ರಾಷ್ಟ್ರಮಟ್ಟದ ಮನ್ನಣೆ ತಂದ ಚಿತ್ರ ‘ಗಾನಯೋಗಿ ಪಂಚಾಕ್ಷರ ಗವಾಯಿ’. 1995ರ ಸಾಲಿನ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಸಂಗೀತ ನಿರ್ದೇಶನ ಅವರದಾಯಿತು. ಅದೇ ಚಿತ್ರದ ಗಾಯನಕ್ಕೆ ಎಸ್.ಪಿ. ಬಾಲಸುಬ್ರಹ್ಮಣ್ಯಂ ಅವರಿಗೂ ಪ್ರಶಸ್ತಿ ಸಂದಿತು. ಈ ಚಿತ್ರವನ್ನು ‘ಮುತ್ತಿನಹಾರ’ದ ಪಕ್ಕದಲ್ಲಿಟ್ಟು ನೋಡಿದರೆ ಒಂದು ಪಾಠ ಸಿಗುತ್ತದೆ. ಎರಡರ ಸಂಯೋಜಕರೂ ಒಬ್ಬರೇ, ಅಂತರ ಐದೇ ವರ್ಷ. ಆದರೆ ಗದಗಿನ ಕಥೆಯಲ್ಲಿ ಆ ಪ್ರದೇಶದ ಸಂಗೀತವೇ ಚಿತ್ರದ ಜೀವಾಳ. ಹಿಂದೂಸ್ತಾನಿ ಗಾಯನ, ವಚನ, ರಂಗಸಂಗೀತ ಎಲ್ಲವೂ ಅಲ್ಲಿ ಸಹಜವಾಗಿ ಕೂಡಿಕೊಂಡಿವೆ.

ಕಾರಣವನ್ನು ಸಂಯೋಜಕರ ಪ್ರತಿಭೆಯಲ್ಲಿ ಹುಡುಕಬೇಕಾಗಿಲ್ಲ, ಅವರಿಗೆ ಒದಗಿದ ಸಾಮಗ್ರಿಯಲ್ಲಿ ಹುಡುಕಬೇಕು. ಗದಗಿನಲ್ಲಿ ವೀರೇಶ್ವರ ಪುಣ್ಯಾಶ್ರಮವಿತ್ತು. ಪಂಚಾಕ್ಷರ ಗವಾಯಿಗಳು 1944ರಲ್ಲಿ ತೀರಿಕೊಂಡ ಮೇಲೆ ಪುಟ್ಟರಾಜ ಗವಾಯಿಗಳು 2010ರವರೆಗೆ ಆ ಪರಂಪರೆಯನ್ನು ನಡೆಸಿದರು. ನೂರಾರು ಶಿಷ್ಯರು, ನಾಟಕ ಕಂಪನಿ, ಧಾರವಾಡ ಆಕಾಶವಾಣಿಯ ಧ್ವನಿಮುದ್ರಣಗಳು, ಸಂಗೀತ ಪರೀಕ್ಷೆಗಳು ಇವೆಲ್ಲ ಇದ್ದ ಪ್ರದೇಶ ಅದು. ಸಂಯೋಜಕ ಬಾಗಿಲು ತಟ್ಟಿದರೆ ತೆರೆಯುವ ಮನೆಗಳು ಅಲ್ಲಿದ್ದವು. ಕೊಡಗಿನಲ್ಲಿ ಹಾಡುವವರಿದ್ದರು, ಹಾಡನ್ನು ಕಲಿಸುವ, ಕಾಪಿಡುವ, ಕೇಳಿದವರಿಗೆ ಕೇಳಿಸುವ ಅಂಥ ದೊಡ್ಡ ಸಂಸ್ಥೆ ಇರಲಿಲ್ಲ. ಮಡಿಕೇರಿ ಆಕಾಶವಾಣಿ ಮತ್ತು ಕೊಡವ ಸಾಹಿತ್ಯ ಅಕಾಡೆಮಿ ಮಾಡಿರುವ ಕೆಲಸ ಮೆಚ್ಚುವಂಥದ್ದೇ. ಆದರೂ ಒಬ್ಬ ಸಂಗೀತ ನಿರ್ದೇಶಕ ಬೆಂಗಳೂರಿನ ಸ್ಟುಡಿಯೋದಲ್ಲಿ ಕುಳಿತು ಕೊಡವ ಹಾಡಿನ ಎಲ್ಲ ಪ್ರಕಾರಗಳನ್ನು ಕ್ರಮವಾಗಿ ಕೇಳಬೇಕೆಂದರೆ ಸುಲಭದ ದಾರಿಯಿಲ್ಲ.

ಹಂಸಲೇಖ ಸ್ವತಃ ಈ ಅಗತ್ಯವನ್ನು ಬಲ್ಲವರು. ಚನ್ನಪಟ್ಟಣದಲ್ಲಿ ಅವರು ಕಟ್ಟಿದ ದೇಸಿ ವಿದ್ಯಾಸಂಸ್ಥೆಯ ಹಿಂದೆ ಇರುವುದು ಇದೇ ತಿಳಿವಳಿಕೆ. ನೆಲದ ಸಂಗೀತವನ್ನು ಹಾಡಿಹೊಗಳಿದರೆ ಸಾಲದು, ಅದಕ್ಕೊಂದು ಪಾಠಕ್ರಮ ಬೇಕು ಎಂಬುದು ಅದರ ಸಾರ. 2023ರ ಮೈಸೂರು ದಸರಾ ಉದ್ಘಾಟನೆಯ ಗೌರವ ಅವರಿಗೆ ದೊರೆತಾಗ, ಚಿತ್ರಗೀತೆಯನ್ನು ಲಘುವೆಂದು ಬದಿಗಿಡುವ ಹಳೆಯ ಧೋರಣೆ ಸಡಿಲಗೊಂಡದ್ದೂ ಸ್ಪಷ್ಟವಾಯಿತು. ಚಿತ್ರಸಂಗೀತಕ್ಕೆ ದಕ್ಕಿದ ಈ ಮಾನ್ಯತೆಯ ಜೊತೆಗೆ ಹೊಣೆಯೂ ಬರುತ್ತದೆ. ಅದು ಯಾರಿಂದ ಪಡೆಯಿತೋ ಅವರ ಲೆಕ್ಕ ಕೊಡಬೇಕಾದ ಹೊಣೆ.

ಕಾನೂನಿನ ಕಣ್ಣಿಗೆ ಕಾಣದ ಕರ್ತೃ

ಈ ಲೆಕ್ಕದ ಒಂದು ಭಾಗವನ್ನು ಕಾನೂನು ಈಗಾಗಲೇ ಸರಿಪಡಿಸಿದೆ. ಹಣ ಪಡೆದು ಚಿತ್ರಕ್ಕಾಗಿ ಮಾಡಿಕೊಟ್ಟ ಸಂಗೀತದ ಹಕ್ಕು, ಬೇರೆ ಒಪ್ಪಂದವಿಲ್ಲದಿದ್ದರೆ, ನಿರ್ಮಾಪಕನದೇ ಎಂದು ಸುಪ್ರೀಂ ಕೋರ್ಟ್ 1977ರಲ್ಲಿ ತೀರ್ಪಿತ್ತಿತ್ತು. ಒಮ್ಮೆ ಸಂಭಾವನೆ ಪಡೆದ ಸಂಯೋಜಕನಿಗೆ, ಆ ಹಾಡು ಮುಂದೆ ಎಷ್ಟೇ ಗಳಿಸಿದರೂ, ಪಾಲು ಸಿಗುವ ಭರವಸೆಯಿರಲಿಲ್ಲ. 2012ರ ಕೃತಿಸ್ವಾಮ್ಯ ತಿದ್ದುಪಡಿ ಇದನ್ನು ಬದಲಿಸಿತು. ಗೀತರಚನೆಕಾರ ಮತ್ತು ಸಂಯೋಜಕರಿಗೆ ರಾಯಧನದಲ್ಲಿ ಸಮಪಾಲು ಪಡೆಯುವ, ಸುಲಭವಾಗಿ ಬಿಟ್ಟುಕೊಡಲಾಗದ ಹಕ್ಕು ದೊರೆಯಿತು. ಚಿತ್ರಮಂದಿರದಲ್ಲಿ ಚಿತ್ರದ ಭಾಗವಾಗಿ ಪ್ರದರ್ಶನಗೊಳ್ಳುವುದನ್ನು ಬಿಟ್ಟು ಉಳಿದ ಬಳಕೆಗಳಿಗೆ ಅದು ಅನ್ವಯಿಸುತ್ತದೆ. ಕರ್ತೃವಿನ ಮರಣಾನಂತರವೂ 60 ವರ್ಷ ಈ ರಕ್ಷಣೆ ಮುಂದುವರಿಯುತ್ತದೆ.

ಲೆಕ್ಕದ ಇನ್ನೊಂದು ಭಾಗ ಹಾಗೆಯೇ ಉಳಿದಿದೆ. ಜನಪದ ಹಾಡಿಗೆ ಒಬ್ಬ ಕರ್ತೃವಿಲ್ಲ. ಕರ್ತೃವಿಲ್ಲದ್ದಕ್ಕೆ ಕೃತಿಸ್ವಾಮ್ಯವೂ ಇಲ್ಲ. ಯಾವುದೇ ಸಂಗೀತ ನಿರ್ದೇಶಕ ಪುತ್ತರಿಯ ಮಟ್ಟೊಂದನ್ನು ತೆಗೆದುಕೊಂಡು ಹೊಸ ಪದ ಕೂಡಿಸಿದರೆ, ಅವನ ಹೊಸ ರಚನೆಗೆ ರಕ್ಷಣೆಯುಂಟು, ಮಟ್ಟನ್ನು ತಲೆಮಾರುಗಳಿಂದ ಕಾಪಾಡಿದವರಿಗೆ ಏನೂ ಇಲ್ಲ. 2022ರಲ್ಲಿ ‘ಕಾಂತಾರ’ ಚಿತ್ರದ ‘ವರಾಹ ರೂಪಂ’ ಗೀತೆ ನ್ಯಾಯಾಲಯದ ಮೆಟ್ಟಿಲೇರಿದ್ದನ್ನು ಇಲ್ಲಿ ನೆನೆಯಬಹುದು. ಅಲ್ಲಿ ವ್ಯಾಜ್ಯ ನಡೆದದ್ದು ಚಿತ್ರತಂಡಕ್ಕೂ ಕೇರಳದ ಸಂಗೀತ ತಂಡವೊಂದಕ್ಕೂ. ಇಬ್ಬರ ಬಳಿಯೂ ಮುದ್ರಿತ ಹಾಡಿತ್ತು, ದಿನಾಂಕವಿತ್ತು, ಹೆಸರಿತ್ತು. ದೈವಾರಾಧನೆಯ ಕಲಾವಿದರು ತಮ್ಮ ಪರಂಪರೆಯ ದನಿಗಾಗಿ ಹಾಗೆ ನ್ಯಾಯಾಲಯಕ್ಕೆ ಹೋಗುವಂತಿಲ್ಲ. ಜಾಗತಿಕ ಮಟ್ಟದಲ್ಲಿಯೂ ಸ್ಥಿತಿ ಭಿನ್ನವಲ್ಲ. ವಿಶ್ವ ಬೌದ್ಧಿಕ ಆಸ್ತಿ ಸಂಸ್ಥೆಯ ಸದಸ್ಯ ರಾಷ್ಟ್ರಗಳು 2024ರ ಮೇ ತಿಂಗಳಲ್ಲಿ ಅಂಗೀಕರಿಸಿದ ಒಪ್ಪಂದ ಜೈವಿಕ ಸಂಪನ್ಮೂಲ ಮತ್ತು ಅದಕ್ಕೆ ಸಂಬಂಧಿಸಿದ ಪಾರಂಪರಿಕ ಜ್ಞಾನಕ್ಕೆ ಸೀಮಿತವಾಗಿದೆ. ಹಾಡು ಕುಣಿತಗಳು ಅದರ ಹೊರಗೇ ಉಳಿದಿವೆ.

ಕೊಡಗಿನಲ್ಲಿ ಈ ಪ್ರಶ್ನೆಗೆ ಇನ್ನೂ ಒಂದು ಪದರವಿದೆ. ಕೊಡವರ ಮದುವೆಗೂ ಹಬ್ಬಕ್ಕೂ ವಾಲಗ ನುಡಿಸುತ್ತ ಬಂದವರು, ಪರೆ ಬಡಿಯುತ್ತ ಬಂದವರು ಬಹುಮಟ್ಟಿಗೆ ಕೆಂಬಟ್ಟಿ, ಮೇದ ಮುಂತಾದ ಸಮುದಾಯಗಳ ಕಲಾವಿದರು. ‘ಕೊಡವ ವಾಲಗ’ ಎಂಬ ಹೆಸರಿನಲ್ಲಿ ಆ ಲಯ ಇಂದು ಬೆಂಗಳೂರಿನ ಕಲ್ಯಾಣಮಂಟಪಗಳವರೆಗೆ ಹೋಗಿದೆ. ಮೊಬೈಲ್‌ಗಳಲ್ಲಿ, ರೀಮಿಕ್ಸ್‌ಗಳಲ್ಲಿ ಹರಿದಾಡುತ್ತಿದೆ. ನುಡಿಸಿದವರ ಹೆಸರು ಅದರ ಜೊತೆ ಹೋಗುವುದು ಅಪರೂಪ. ಕೊಡಗಿನ ಸಂಗೀತಕ್ಕೆ ಸಿನಿಮಾದಿಂದ ನ್ಯಾಯ ಕೇಳುವಾಗ, ಆ ಸಂಗೀತವನ್ನು ಕೈಯಾರೆ ನುಡಿಸಿದವರಿಗೆ ಕೊಡಗು ತಾನೇ ಏನು ಕೊಟ್ಟಿದೆ ಎಂಬುದನ್ನೂ ಕೇಳಿಕೊಳ್ಳಬೇಕಾಗುತ್ತದೆ.

ಅಂಕಿಗಳು ಹೇಳುವುದು

ಕಾಲಾವಕಾಶ ಹೆಚ್ಚಿಲ್ಲ ಎಂಬುದನ್ನು ಜನಗಣತಿ ಸೂಚಿಸುತ್ತದೆ. 2001ರಲ್ಲಿ 1,66,187 ಮಂದಿ ಕೊಡವ ಭಾಷೆಯನ್ನು ತಾಯ್ನುಡಿಯೆಂದು ಬರೆಸಿದ್ದರೆ, 2011ರಲ್ಲಿ ಆ ಸಂಖ್ಯೆ 1,13,857. ತಾಯ್ನುಡಿಯ ಅಂಕಣದಲ್ಲಿ ಏನನ್ನು ಬರೆಸುತ್ತಾರೆ ಎಂಬುದೂ ಈ ಇಳಿಕೆಯಲ್ಲಿ ಪಾತ್ರ ವಹಿಸಿರಬಹುದು. ಆದರೂ ಯುನೆಸ್ಕೋದ ಭಾಷಾ ಭೂಪಟ ಕೊಡವವನ್ನು ಅಪಾಯದಲ್ಲಿರುವ ಭಾಷೆಗಳ ಸಾಲಿನಲ್ಲಿ ಗುರುತಿಸಿದ್ದನ್ನು ಕಡೆಗಣಿಸಲಾಗದು. ಇಷ್ಟು ಚಿಕ್ಕ ಮಾರುಕಟ್ಟೆಯಲ್ಲಿ ಸಿನಿಮಾ ತಾನಾಗಿ ಬೆಳೆಯುವುದು ಕಷ್ಟ. 1972ರಲ್ಲಿ ‘ನಾಡ ಮಣ್ಣ್ ನಾಡ ಕೂಳ್’ ಮೂಲಕ ಆರಂಭವಾದ ಕೊಡವ ಚಿತ್ರಪರಂಪರೆ ಇಂದಿಗೂ ಕೆಲವೇ ಉತ್ಸಾಹಿಗಳ ಹೆಗಲ ಮೇಲೆ ನಿಂತಿದೆ. ತುಂಬ ಜನ ನೋಡುವ ಚಿತ್ರ ಕನ್ನಡದ್ದೇ ಆಗಿರುವುದರಿಂದ, ಕೊಡವ ಸಂಗೀತ ಹೊರಜಗತ್ತನ್ನು ತಲುಪುವ ಹೆದ್ದಾರಿಯೂ ಕನ್ನಡ ಚಿತ್ರಸಂಗೀತವೇ.

ಹಾಗೆಂದು ಸಮುದಾಯದ ಶಕ್ತಿಯನ್ನು ಕಡಿಮೆ ಅಂದಾಜು ಮಾಡಬೇಕಾಗಿಲ್ಲ. 1997ರಲ್ಲಿ ಪಾಂಡಂಡ ಕುಟ್ಟಪ್ಪ ಅವರು ಕರಡದಲ್ಲಿ 60 ಕುಟುಂಬಗಳ ತಂಡಗಳೊಂದಿಗೆ ಆರಂಭಿಸಿದ ಕೊಡವ ಕೌಟುಂಬಿಕ ಹಾಕಿ ಉತ್ಸವ, 2024ರಲ್ಲಿ ನಾಪೋಕ್ಲುವಿನಲ್ಲಿ ಕುಂಡ್ಯೋಳಂಡ ಕುಟುಂಬದ ಆತಿಥ್ಯದಲ್ಲಿ ನಡೆದಾಗ 360 ತಂಡಗಳು ಪಾಲ್ಗೊಂಡಿದ್ದವು. ವರ್ಷಕ್ಕೊಂದು ಮನೆತನ ಹೊಣೆ ಹೊತ್ತು, ಸರ್ಕಾರಿ ಇಲಾಖೆಯ ಆದೇಶಕ್ಕೆ ಕಾಯದೆ, ಇಷ್ಟು ದೊಡ್ಡ ಕೂಟವನ್ನು ನಡೆಸಬಲ್ಲ ಸಮಾಜವಿದು. ಇದೇ ಮಾದರಿಯಲ್ಲಿ ವರ್ಷಕ್ಕೊಂದು ನಾಡಿನ ಹಾಡುಗಾರರ, ವಾಲಗದವರ ಧ್ವನಿಮುದ್ರಣವನ್ನು ಕೈಗೊಂಡರೆ ಹತ್ತು ವರ್ಷಗಳಲ್ಲಿ ಚಿಣ್ಣಪ್ಪನವರ ಗ್ರಂಥಕ್ಕೆ ಒಂದು ಧ್ವನಿಸಂಪುಟ ದೊರೆಯುವುದು ಅಸಾಧ್ಯವೇನಲ್ಲ. ರಾಮನಗರದ ಬಳಿ ಎಚ್.ಎಲ್. ನಾಗೇಗೌಡರು ಕಟ್ಟಿದ ಜಾನಪದ ಲೋಕ ಒಬ್ಬ ವ್ಯಕ್ತಿಯ ಹಟ ಎಷ್ಟು ದೂರ ಹೋಗಬಲ್ಲದು ಎಂಬುದಕ್ಕೆ ಕಣ್ಣೆದುರಿನ ಸಾಕ್ಷಿ.

ಮುಂದಿನ ಹೆಜ್ಜೆ

ಚಿತ್ರರಂಗದ ಪಾಲಿಗೆ ಬೇಡಿಕೆ ದೊಡ್ಡದೇನಲ್ಲ. ಕೊಡಗಿನಲ್ಲಿ ಚಿತ್ರೀಕರಣಕ್ಕೆ ಬರುವ ತಂಡ ಅಲ್ಲಿನ ಜಲಪಾತ ಹುಡುಕುವಷ್ಟೇ ಆಸ್ಥೆಯಿಂದ ಅಲ್ಲಿನ ವಾದ್ಯಗಾರನನ್ನು ಹುಡುಕಬೇಕು. ಮಟ್ಟು ಎಲ್ಲಿಯದು ಎಂಬುದನ್ನು ಶೀರ್ಷಿಕೆಯಲ್ಲಿ ಹೇಳಬೇಕು. ನುಡಿಸಿದವನಿಗೆ ದಿನಗೂಲಿಯ ಬದಲು ಕಲಾವಿದನ ಸಂಭಾವನೆ ನೀಡಬೇಕು. ಇವುಗಳಲ್ಲಿ ಯಾವುದಕ್ಕೂ ಹೊಸ ಕಾನೂನು ಬೇಡ. ಸರ್ಕಾರದ ಸಹಾಯಧನ ಪಡೆಯುವ ಚಿತ್ರಗಳಿಗಾದರೂ ಮೂಲದ ಉಲ್ಲೇಖವನ್ನು ಷರತ್ತಾಗಿಸುವುದು ಸಾಧ್ಯ.

ಹಂಸಲೇಖ ಅವರ ದೊಡ್ಡ ಕೊಡುಗೆಯೆಂದರೆ, ಆಡುಮಾತು ಹಾಡಾಗಲು ಯೋಗ್ಯ ಎಂಬ ನಂಬಿಕೆಯನ್ನು ಕನ್ನಡ ಸಿನಿಮಾದಲ್ಲಿ ಬೇರೂರಿಸಿದ್ದು. ಅದೇ ನಂಬಿಕೆಯನ್ನು ಪಕ್ಕದ ಮನೆಯ ಚಿಕ್ಕ ಭಾಷೆಯವರೆಗೆ ಒಯ್ಯುವುದು ಅವರ ಅನಂತರದ ಸಂಯೋಜಕರಿಗೆ ಬಿಟ್ಟ ಕೆಲಸ. ವಿಜಯಭಾಸ್ಕರ್ ಅವರಿಂದ ಮನೋಮೂರ್ತಿ ಅವರವರೆಗೆ ಮೂರು ತಲೆಮಾರಿನ ಸಂಗೀತ ನಿರ್ದೇಶಕರು ಕೊಡಗನ್ನು ರಾಜ್ಯಕ್ಕೆ ಪ್ರೀತಿಯಿಂದ ಕೇಳಿಸಿದ್ದಾರೆ. ನಾಪೋಕ್ಲುವಿನ ಆಸುಪಾಸಿನ ಹಿರಿಯ ಹಾಡುಗಾರರು ಇನ್ನೂ ಇರುವಾಗಲೇ ಅವರ ಕಂಠವನ್ನು ನೇರವಾಗಿ ಕೇಳಿಸಿಕೊಳ್ಳುವ ಸಂಯೋಜಕ ಬಂದರೆ, ಕನ್ನಡ ಚಿತ್ರಸಂಗೀತಕ್ಕೂ ಅದರಿಂದ ಲಾಭವೇ.